ಕರೆಂಟ್ ಇಲ್ಲದೆ ಲೆಕ್ಕ ಮಾಡುವ ಯಂತ್ರ: ಹೈಸ್ಕೂಲ್ ಮಕ್ಕಳ ಕೈಯಲ್ಲಿ ಏನು ಮಾಡಿಸಬಹುದು?

ಗದಗ ಮೇಷ್ಟ್ರು

ಎಲ್ಲರಿಗೂ ನಮಸ್ಕಾರ. ಗದಗ ತಾಲ್ಲೂಕಿನ ಒಂದು ಹಳ್ಳಿ ಹೈಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುತ್ತೇನೆ. ಹೋದ ತಿಂಗಳು ಒಂಬತ್ತನೇ ತರಗತಿಗೆ ಸೊನ್ನೆ-ಒಂದರ ಲೆಕ್ಕ, ಅಂದರೆ ಆ ಎರಡೇ ಅಂಕಿಯಲ್ಲಿ ಕಂಪ್ಯೂಟರ್ ಎಲ್ಲ ಸಂಖ್ಯೆ ಬರೆಯುವ ರೀತಿ, ಹೇಳುವಾಗ ಕರೆಂಟ್ ಹೋಯಿತು. ಇದ್ದ ಒಂದೇ ಕಂಪ್ಯೂಟರ್ ಆರಿತು. ಆಗ ಹಿಂದಿನ ಬೆಂಚಿನ ಹುಡುಗಿ ಕೇಳಿದಳು: "ಸರ್, ಲೆಕ್ಕ ಮಾಡೋಕೆ ಕರೆಂಟೇ ಯಾಕೆ ಬೇಕು? ನೀರಿನಲ್ಲಿ ಆಗಲ್ವಾ?"

ಆಗುತ್ತದೆ ಎಂದೆ. ಬಿಲ್ ಫಿಲಿಪ್ಸ್ ಕಥೆ ಹೇಳಿದೆ. ನ್ಯೂಜಿಲೆಂಡಿನವರು. 1949ರಲ್ಲಿ ಲಂಡನ್ನಿನಲ್ಲಿ ಆಳೆತ್ತರದ ಒಂದು ಯಂತ್ರ ಕಟ್ಟಿದರು, ಹೆಸರು ಮೋನಿಯಾಕ್. ಪಾರದರ್ಶಕ ತೊಟ್ಟಿಗಳು, ಕೊಳವೆಗಳು, ಬಣ್ಣದ ನೀರು. ನೀರು ಎಂದರೆ ದೇಶದ ಹಣ. ತೆರಿಗೆಯ ನಲ್ಲಿ ಸ್ವಲ್ಪ ತಿರುಗಿಸಿದರೆ ಉಳಿತಾಯ, ಖರ್ಚು, ಆಮದಿನ ತೊಟ್ಟಿಗಳಲ್ಲಿ ನೀರು ತಾನೇ ಹೊಸ ಮಟ್ಟಕ್ಕೆ ಬಂದು ನಿಲ್ಲುತ್ತಿತ್ತು. ನೀರು ಮೇಲೆತ್ತುವ ಪಂಪ್‌ಗೆ ಕರೆಂಟ್ ಬೇಕಿತ್ತು, ನಿಜ. ಲೆಕ್ಕ ಮಾತ್ರ ನೀರಿನದೇ.

"ತೋರಿಸಿ ಸರ್" ಎಂದರು ಮಕ್ಕಳು. ತೋರಿಸಲು ನನ್ನ ಹತ್ತಿರ ಏನೂ ಇರಲಿಲ್ಲ.

ಇನ್ನೊಂದು ಮಾತೂ ಮನಸ್ಸಿನಲ್ಲಿದೆ. ಕೆಲವು ವರ್ಷಗಳ ಹಿಂದೆ ಒಂದು ಪ್ರದರ್ಶನದಲ್ಲಿ ನಮ್ಮ ಮಕ್ಕಳು ಗೋಲಿ ಉರುಳಿಸಿ ಕೂಡುವ ಹಲಗೆ ಇಟ್ಟಿದ್ದರು. ಎರಡು ವಾರ ಕೂತು ಮಾಡಿದ್ದು. ತೀರ್ಪು ಕೊಡಲು ಬಂದವರು "ಇದು ಆಟದ ಸಾಮಾನು, ಗಣಕ ಅಲ್ಲ" ಎಂದು ಮುಂದೆ ಹೋದರು. ಆ ಮಕ್ಕಳ ಮುಖ ಇನ್ನೂ ಮರೆತಿಲ್ಲ. ಈ ಸಲ ಅದಕ್ಕೆ ಸರಿಯಾದ ಉತ್ತರ ಮಕ್ಕಳ ಬಾಯಲ್ಲೇ ಇರಬೇಕು. ಖರ್ಚು ಐನೂರು ರೂಪಾಯಿ ದಾಟಬಾರದು. ಏನು ಮಾಡಿಸಲಿ?

ಬೆಟಗೇರಿ ಮಗ್ಗ

ಸರ್, ಮಕ್ಕಳನ್ನು ಬೆಟಗೇರಿಗೆ ಕರೆದುಕೊಂಡು ಬನ್ನಿ. ನಮ್ಮ ಮನೆಯಲ್ಲಿ ಜಕಾರ್ಡ್ ಹಾಕಿದ ಮಗ್ಗ ಇದೆ, ಈಗಲೂ ಓಡುತ್ತದೆ.

ಮೇಲೆ ರಟ್ಟಿನ ಮಾಲೆ ತೂಗುತ್ತಿರುತ್ತದೆ. ರಟ್ಟಿನಲ್ಲಿ ತೂತು ಇದ್ದರೆ ಸೂಜಿ ಒಳಗೆ ಹೋಗುತ್ತದೆ. ಅದರ ಹುಕ್ಕು ಮೇಲೆದ್ದು ಹಾಸಿನ ಎಳೆಯನ್ನು ಎತ್ತುತ್ತದೆ. ತೂತು ಇಲ್ಲದಿದ್ದರೆ ಎಳೆ ಕೆಳಗೇ ಉಳಿಯುತ್ತದೆ. ನಡುವೆ ಲಾಳಿ ಓಡುತ್ತದೆ. ಒಂದು ಹೊಕ್ಕಿಗೆ ಒಂದು ರಟ್ಟು. ತೂತು ಒಂದು, ತೂತಿಲ್ಲ ಸೊನ್ನೆ. ನಿಮ್ಮ ಪಾಠ ಪೂರ್ತಿ ಅಲ್ಲೇ ನೇತಾಡುತ್ತಿದೆ.

ಫ್ರಾನ್ಸಿನ ಲಿಯೋನ್ ಊರಿನ ಜೋಸೆಫ್ ಮರಿ ಜಕಾರ್ಡ್ 1804ರಲ್ಲಿ ಇದನ್ನು ತಂದರು. 1839ರಲ್ಲಿ ಅವರದೇ ಚಿತ್ರವನ್ನು ರೇಷ್ಮೆಯಲ್ಲಿ ನೇಯ್ದರು. ಅದಕ್ಕೆ ಬೇಕಾದ ರಟ್ಟು ಸುಮಾರು 24,000. ಇಂಗ್ಲೆಂಡಿನ ಚಾರ್ಲ್ಸ್ ಬ್ಯಾಬೇಜ್ ಆ ಚಿತ್ರ ಒಂದನ್ನು ಮನೆಯಲ್ಲಿ ಇಟ್ಟುಕೊಂಡಿದ್ದರು. ತಮ್ಮ ಲೆಕ್ಕದ ಯಂತ್ರಕ್ಕೂ ಇಂಥದೇ ರಟ್ಟು ಬಳಸುವ ಯೋಜನೆ ಮಾಡಿದರು. 1890ರ ಅಮೆರಿಕದ ಜನಗಣತಿಯನ್ನು ಹೊಲೆರಿತ್ ಎಂಬುವರ ಯಂತ್ರ ಎಣಿಸಿದ್ದೂ ತೂತಿನ ಕಾರ್ಡಿನಲ್ಲೇ.

ನಮ್ಮ ಅಪ್ಪ ಓದಿದ್ದು ನಾಲ್ಕನೇ ಇಯತ್ತೆ. ಹೂವಿನ ಒಂದು ಎಸಳು ತಪ್ಪಿದರೆ ಬಟ್ಟೆ ನೋಡಿಯೇ ಎಷ್ಟನೇ ರಟ್ಟಿನಲ್ಲಿ ತೂತು ಕೆಟ್ಟಿದೆ ಎಂದು ಹೇಳುತ್ತಿದ್ದರು.

ಬ್ಯಾಡಗಿ ಹುಡುಗ

ಗೌರವದಿಂದಲೇ ಒಂದು ಮಾತು. ನಾನು ಹಾವೇರಿ ಜಿಲ್ಲೆಯವನು, ಸಾಫ್ಟ್‌ವೇರ್ ಬರೆಯುವುದು ನನ್ನ ಹೊಟ್ಟೆಪಾಡು. ಜಕಾರ್ಡ್ ಮಗ್ಗ ಲೆಕ್ಕ ಮಾಡುವುದಿಲ್ಲ. ಬರೆದದ್ದನ್ನು ಓದುತ್ತದೆ, ಹಾಗೇ ಮಾಡುತ್ತದೆ. ಎರಡು ಮತ್ತು ಮೂರು ಕೊಟ್ಟರೆ ಐದು ಹೇಳಲ್ಲ. "ಇದೂ ಆಗಿದ್ದರೆ, ಅದೂ ಆಗಿದ್ದರೆ ಮಾತ್ರ ಹೀಗೆ ಮಾಡು" ಎಂಬ ತೀರ್ಮಾನ ಅದರಲ್ಲಿ ಇಲ್ಲ. ಮಕ್ಕಳಿಗೆ ನೆನಪು ಬೇರೆ, ತೀರ್ಮಾನ ಬೇರೆ ಎಂಬುದು ಮೊದಲೇ ತಿಳಿಯಬೇಕು. ಇಲ್ಲದಿದ್ದರೆ ಮುಂದೆ ಎಲ್ಲ ಕಲಸುಮೇಲೋಗರ ಆಗುತ್ತದೆ.

ಬೆಟಗೇರಿ ಮಗ್ಗ

ಒಪ್ಪುತ್ತೇನೆ. ರಟ್ಟು ನೆನಪು. ಆದರೆ ಆ ನೆನಪು ಸಣ್ಣದಲ್ಲ ತಮ್ಮಾ. ಚಂದ್ರನ ಮೇಲೆ ಜನ ಇಳಿದಾಗ ಅಪೋಲೋ ನೌಕೆಯ ಗಣಕದ ಪ್ರೋಗ್ರಾಮ್ ಇದ್ದದ್ದು ನೇಯ್ದ ತಂತಿಯಲ್ಲಿ. ಸಣ್ಣ ಕಾಂತದ ಬಳೆಯ ಒಳಗೆ ತಂತಿ ಹಾದರೆ ಒಂದು, ಹೊರಗೆ ಹಾದರೆ ಸೊನ್ನೆ. ಕಾರ್ಖಾನೆಯ ಹೆಣ್ಣುಮಕ್ಕಳು ಕೈಯಲ್ಲಿ ಸೂಜಿ ಹಿಡಿದು ನೇಯ್ದರು. 36,864 ಪದ (ಗಣಕದ ನೆನಪಿನ ಒಂದೊಂದು ತುಂಡಿಗೆ ಪದ ಅನ್ನುತ್ತಾರೆ). ಒಂದು ಎಳೆ ತಪ್ಪಿದರೂ ಬಿಚ್ಚಿ ಮತ್ತೆ ನೇಯಬೇಕು. ಆ ಕಷ್ಟ ನಮಗೆ ಗೊತ್ತು.

ಕ್ಯಾಬಿನ್ ಮನೆ

ಬ್ಯಾಡಗಿಯವರು ಕೇಳಿದ "ಇದೂ ಆಗಿದ್ದರೆ, ಅದೂ ಆಗಿದ್ದರೆ ಮಾತ್ರ" ಎಂಬುದನ್ನು ನಾನು ಕಣ್ಣಾರೆ ನೋಡಿ ಬೆಳೆದಿದ್ದೇನೆ. ಅಪ್ಪ ಹುಬ್ಬಳ್ಳಿ ಕಡೆಯ ರೈಲು ಲೈನಿನ ಸಿಗ್ನಲ್ ಕ್ಯಾಬಿನ್‌ನಲ್ಲಿ ಲಿವರ್ ಎಳೆಯುವ ಕೆಲಸ ಮಾಡುತ್ತಿದ್ದರು. ರಜೆಯಲ್ಲಿ ಬುತ್ತಿ ತೆಗೆದುಕೊಂಡು ಕ್ಯಾಬಿನ್‌ಗೆ ಹೋಗುತ್ತಿದ್ದೆ.

ಮೇಲಿನ ಕೋಣೆಯಲ್ಲಿ ಸಾಲಾಗಿ ಕಬ್ಬಿಣದ ಲಿವರ್‌ಗಳು. ಕೆಂಪು ಬಣ್ಣದ್ದು ಸಿಗ್ನಲ್‌ಗೆ, ಕಪ್ಪು ಹಳಿ ತಿರುಗಿಸುವ ಪಾಯಿಂಟಿಗೆ. ಒಂದು ದಿನ ನಾನು ಸುಮ್ನೆ ಕೆಂಪು ಲಿವರ್ ಎಳೆಯಲು ಹೋದೆ. ಅಲ್ಲಾಡಲಿಲ್ಲ. ಅಪ್ಪ ಹೇಳಿದರು, "ನೀನಲ್ಲ, ನಾನು ಎಳೆದರೂ ಬರಲ್ಲ. ಮೊದಲು ಹಳಿ ಸರಿಯಾಗಿ ಕೂರಬೇಕು, ಅದಕ್ಕೆ ಕೀಲಿ ಬೀಳಬೇಕು. ಆಮೇಲೆ ಇದು ಬಿಡುತ್ತದೆ."

ಕೆಳಗೆ ಹೋಗಿ ನೋಡಿದರೆ ಉಕ್ಕಿನ ಪಟ್ಟಿಗಳು ಅಡ್ಡ-ಉದ್ದ ಹೆಣೆದುಕೊಂಡಿದ್ದವು. ಪಟ್ಟಿಗಳಲ್ಲಿ ಖಾಚು. ಖಾಚಿಗೆ ಸರಿಯಾಗಿ ಕೂರುವ ಉಕ್ಕಿನ ತುಂಡು. ಒಂದು ಲಿವರ್ ಎಳೆದರೆ ಅದರ ಪಟ್ಟಿ ಸರಿದು ಕೆಲವು ತುಂಡುಗಳನ್ನು ಪಕ್ಕಕ್ಕೆ ನೂಕುತ್ತದೆ. ಆ ತುಂಡುಗಳು ಬೇರೆ ಲಿವರ್‌ನ ದಾರಿ ಕಟ್ಟುತ್ತವೆ, ಇಲ್ಲವೇ ಬಿಡುತ್ತವೆ. ಸಿಗ್ನಲ್ ಒಮ್ಮೆ ಬಿಟ್ಟರೆ ಹಳಿ ತಿರುಗಿಸಲು ಆಗುವುದೇ ಇಲ್ಲ. ಎದುರು-ಬದುರು ಎರಡು ಸಿಗ್ನಲ್ ಒಟ್ಟಿಗೆ ಬೀಳುವುದೂ ಸಾಧ್ಯವಿಲ್ಲ. ಇಂಗ್ಲೆಂಡಿನ ಜಾನ್ ಸ್ಯಾಕ್ಸ್‌ಬಿ ಇಂಥ ವ್ಯವಸ್ಥೆಗೆ ಪೇಟೆಂಟ್ ಪಡೆದದ್ದು 1856ರಲ್ಲಿ. ಇವತ್ತಿನ ಚಿಪ್ ಒಳಗೆ ತೀರ್ಮಾನ ಮಾಡುವ ಸಣ್ಣ ಸ್ವಿಚ್, ಟ್ರಾನ್ಸಿಸ್ಟರ್, ಬಂದದ್ದು 1947ರಲ್ಲಿ.

ಈಗ ಹುಬ್ಬಳ್ಳಿ ಯಾರ್ಡ್ ಎಲ್ಲ ಎಲೆಕ್ಟ್ರಾನಿಕ್. 1,507 ಮೀಟರ್ ಪ್ಲಾಟ್‌ಫಾರ್ಮ್ ನೋಡಲು ಜನ ಬರುತ್ತಾರೆ. ಸಂತೋಷ. ಆದರೆ ನನಗೆ ಆ ಉಕ್ಕಿನ ಪಟ್ಟಿಗಳ ಮೇಲೆ ಇರುವ ಪ್ರೀತಿ ಬೇರೆ. ರಾತ್ರಿ ಎರಡು ಗಂಟೆಗೆ, ಮಳೆಯಲ್ಲಿ, ಕಣ್ಣು ಎಳೆಯುತ್ತಿರುವ ಮನುಷ್ಯನಿಗೂ ತಪ್ಪು ಮಾಡಲು ಅದು ಬಿಡುತ್ತಿರಲಿಲ್ಲ. ಇದು ತೀರ್ಮಾನ ಅಲ್ಲ ಅಂದರೆ ಯಾವುದು ತೀರ್ಮಾನ?

ಬ್ಯಾಡಗಿ ಹುಡುಗ

ಇದು ತೀರ್ಮಾನವೇ. ಪೂರ್ತಿ ಒಪ್ಪಿದೆ. ರಟ್ಟಿನ ಪಟ್ಟಿ, ಗುಂಡುಪಿನ್ನು ಇದ್ದರೆ ಮೂರು ಲಿವರ್‌ನ ಮಾದರಿ ಮಕ್ಕಳೇ ಮಾಡಬಹುದು. ಮೇಷ್ಟ್ರೇ, ಇದನ್ನು ಬರೆದಿಟ್ಟುಕೊಳ್ಳಿ.

ಗೋಕುಲ ರೋಡ್ ಗ್ಯಾರೇಜ್

ಹಳೆಯ ಆಟೋಮ್ಯಾಟಿಕ್ ಕಾರಿನ ಗೇರ್‌ಬಾಕ್ಸ್ ಬಿಚ್ಚಿದರೆ ಕೆಳಗೆ ಒಂದು ಅಲ್ಯೂಮಿನಿಯಂ ತಟ್ಟೆ ಸಿಗುತ್ತದೆ. ನಾವು ವಾಲ್ವ್ ಬಾಡಿ ಅನ್ನುತ್ತೇವೆ. ನೋಡಲು ಇರುವೆ ಗೂಡಿನ ಥರ, ಎಲ್ಲ ಕಡೆ ಕಾಲುವೆ. ಗಾಡಿಯ ವೇಗ ಜಾಸ್ತಿಯಾದಂತೆ ಒಂದು ಕಡೆಯ ಆಯಿಲ್ ಒತ್ತಡ ಏರುತ್ತದೆ. ಆಕ್ಸಿಲರೇಟರ್ ತುಳಿದಂತೆ ಇನ್ನೊಂದು ಕಡೆಯದು ಏರುತ್ತದೆ. ನಡುವೆ ಒಂದು ಸಣ್ಣ ಕಡ್ಡಿಯಂಥ ವಾಲ್ವ್. ಯಾವ ಕಡೆ ಒತ್ತಡ ಗೆಲ್ಲುತ್ತದೋ ಆ ಕಡೆಯದೇ ಮಾತು. ಗೇರ್ ಬದಲಾಗುತ್ತದೆ. ಅದರಲ್ಲಿ ಚಿಪ್ ಇಲ್ಲ. ಆಯಿಲ್ಲೇ ಹೋಲಿಸಿ ನೋಡುತ್ತದೆ.

ಹುಡುಗರಿಗೆ ಇದನ್ನು ಕೈಯಲ್ಲಿ ಹಿಡಿದು ತೋರಿಸಬಹುದು. ಕೆಟ್ಟದ್ದು ಒಂದು ನನ್ನ ಹತ್ತಿರ ಇದೆ. ಶಾಲೆಗೆ ಕೊಡುತ್ತೇನೆ.

ಸಾಧನಕೇರಿ

ನಾನು ಧಾರವಾಡದಲ್ಲಿ ಎಂಎಸ್‌ಸಿ ಓದುತ್ತಿದ್ದೇನೆ, ಭೌತಶಾಸ್ತ್ರ. ಬೇರೆಯದೇ ದಾರಿಯ ಒಂದು ಉದಾಹರಣೆ ಕೊಡುತ್ತೇನೆ. ಇದರಲ್ಲಿ ಸೊನ್ನೆ-ಒಂದು ಇಲ್ಲವೇ ಇಲ್ಲ.

ಎರಡು ಅಕ್ರಿಲಿಕ್ ಹಾಳೆ ತೆಗೆದುಕೊಂಡೆ. ಮೇಲೆ ನಮ್ಮ ಜಿಲ್ಲೆಗಳ ನಕ್ಷೆ ಅಂಟಿಸಿದೆ. ಧಾರವಾಡ, ಹುಬ್ಬಳ್ಳಿ, ಗದಗ, ಹಾವೇರಿ ಇರುವ ಜಾಗದಲ್ಲಿ ತೂತು ಕೊರೆದು ಎರಡೂ ಹಾಳೆಗಳ ನಡುವೆ ನಾಲ್ಕು ಮೊಳೆ ನಿಲ್ಲಿಸಿದೆ. ಸೋಪಿನ ನೀರಿನಲ್ಲಿ ಅದ್ದಿ ಎತ್ತಿದೆ. ಪ್ರಶ್ನೆ ಇಷ್ಟೇ: ನಾಲ್ಕೂ ಊರು ಸೇರುವ ಹಾಗೆ ಎಲ್ಲಕ್ಕಿಂತ ಕಡಿಮೆ ಉದ್ದದ ರಸ್ತೆ ಹೇಗೆ ಹಾಕಬೇಕು?

ನಾನು ಅಂದುಕೊಂಡದ್ದು ಹುಬ್ಬಳ್ಳಿಯಿಂದ ಮೂರು ಗೆರೆ. ಈಗಿನ ದಾರಿಗಳ ಹಾಗೇ. ಪೊರೆ ಹೇಳಿದ್ದು ಬೇರೆ. ಧಾರವಾಡದಿಂದ ಹುಬ್ಬಳ್ಳಿಗೆ ಒಂದು ಗೆರೆ ಬಂತು. ಹುಬ್ಬಳ್ಳಿಯಿಂದ ಒಂದೇ ಗೆರೆ ಆಗ್ನೇಯಕ್ಕೆ ಹೋಯಿತು. ಕುಂದಗೋಳ ದಾಟಿ ಲಕ್ಷ್ಮೇಶ್ವರದ ದಿಕ್ಕಿನಲ್ಲಿ, ಹೊಲದ ನಡುವೆ, ಎರಡಾಗಿ ಒಡೆಯಿತು. ಒಂದು ಗದಗಕ್ಕೆ, ಒಂದು ಹಾವೇರಿಗೆ. ಒಡೆದ ಜಾಗದಲ್ಲಿ ಮೂರೂ ಕೋನ 120 ಡಿಗ್ರಿ. ಅಳೆದು ನೋಡಿದೆ, ನೇರ ಗೆರೆ ಲೆಕ್ಕದಲ್ಲಿ ಸುಮಾರು 10 ಕಿಲೋಮೀಟರ್ ಉಳಿತಾಯ. ಸೋಪಿನ ಪೊರೆಗೆ ನಕ್ಷೆ ಗೊತ್ತಿಲ್ಲ. ಅದಕ್ಕೆ ತನ್ನ ವಿಸ್ತಾರ ಕಡಿಮೆ ಮಾಡಿಕೊಳ್ಳಬೇಕು, ಅಷ್ಟೇ. ನಾವು ಮೊಳೆ ಹೊಡೆದು ಪ್ರಶ್ನೆ ಕೇಳಿದೆವು.

ಬ್ಯಾಡಗಿ ಹುಡುಗ

ತುಂಬ ಚೆಂದ ಇದೆ. ಆದರೆ ಇಲ್ಲಿಗೆ ನನ್ನ ಅನುಮಾನ ಇನ್ನೂ ಗಟ್ಟಿಯಾಯಿತು. ಹೀಗೆ ನೋಡಿದರೆ ಮರದಿಂದ ಬೀಳುವ ಮಾವಿನಕಾಯಿ ಗುರುತ್ವದ ಸಮೀಕರಣ ಬಿಡಿಸುತ್ತಿದೆ ಎನ್ನಬೇಕು. ಹೊಳೆ ಇಳಿಜಾರಿನ ಲೆಕ್ಕ ಮಾಡುತ್ತಿದೆ ಎನ್ನಬೇಕು. ಎಲ್ಲವೂ ಗಣಕ ಆದರೆ ಗಣಕ ಎಂಬ ಮಾತಿಗೆ ಅರ್ಥ ಉಳಿಯಲ್ಲ.

ಸಾಧನಕೇರಿ

ಒಳ್ಳೆ ಪ್ರಶ್ನೆ. ಎರಡು ದಿನ ಯೋಚಿಸಿದೆ. ನನಗೆ ತೋಚಿದ್ದು ಹೀಗೆ. ಮಾವಿನಕಾಯಿಗೆ ಯಾರೂ ಪ್ರಶ್ನೆ ಕೇಳಿಲ್ಲ. ಲೆಕ್ಕ ಎನ್ನಬೇಕಾದರೆ ಪ್ರಶ್ನೆಯನ್ನು ನಾವು ಇಡುವಂತಿರಬೇಕು. ಅದೇ ಸಾಧನ ಬೇರೆ ಬೇರೆ ಪ್ರಶ್ನೆಗೂ ಒಗ್ಗಬೇಕು. ಬಂದ ಉತ್ತರವನ್ನು ನಾವು ಓದುವಂತಿರಬೇಕು, ತಪ್ಪು-ಸರಿ ನೋಡುವಂತಿರಬೇಕು. ಮೊಳೆ ಕಿತ್ತು ಬೇರೆ ಊರು ಇಟ್ಟರೂ ಪೊರೆ ಉತ್ತರ ಕೊಡುತ್ತದೆ. ಹಾಗಾಗಿ ಅದು ಲೆಕ್ಕ.

ಆದರೆ ಪೊರೆಯ ಒಂದು ದೋಷ ಹೇಳಲೇಬೇಕು. ನವಲಗುಂದ, ರಾಣೆಬೆನ್ನೂರು, ಸವಣೂರು ಸೇರಿಸಿ ಏಳು ಮೊಳೆ ಮಾಡಿದೆ. ಪ್ರತಿ ಸಲ ಅದ್ದಿದಾಗಲೂ ಬೇರೆ ಆಕಾರ ಬಂತು. ಪೊರೆ ಹತ್ತಿರದ ತಗ್ಗಿನಲ್ಲಿ ನಿಂತುಬಿಡುತ್ತದೆ, ಅದಕ್ಕಿಂತ ಆಳದ ತಗ್ಗು ಆಚೆ ಇದ್ದರೂ ಹುಡುಕಿ ಹೋಗಲ್ಲ. ಹತ್ತು ಸಲ ಅದ್ದಿ ಒಳ್ಳೆಯದನ್ನು ಆರಿಸಬೇಕಾಯಿತು.

ಉಣಕಲ್ ದಂಡೆ

ನಾನು ಸಿವಿಲ್ ಎಂಜಿನಿಯರ್. ನಿಮಗೆ ಲುಕ್ಯಾನೊವ್ ಹೆಸರು ಹೇಳಬೇಕು. ರಷ್ಯಾದವರು. ಹೊಸ ರೈಲು ಮಾರ್ಗದ ಕಾಂಕ್ರೀಟ್ ಬಿರುಕು ಬಿಡುತ್ತಿತ್ತು. ಕಾಂಕ್ರೀಟ್ ಗಟ್ಟಿಯಾಗುವಾಗ ಒಳಗೆ ಶಾಖ ಹುಟ್ಟುತ್ತದೆ, ಹೊರಗೆ ತಣ್ಣಗಿರುತ್ತದೆ. ಆ ಶಾಖ ಹೇಗೆ ಹರಡುತ್ತದೆ ಎಂಬ ಸಮೀಕರಣವನ್ನು ಕೈಯಲ್ಲಿ ಬಿಡಿಸುವುದು ಹೈರಾಣದ ಕೆಲಸ. ಅವರು 1936ರಲ್ಲಿ ನೀರಿನ ಕೊಳವೆಗಳ ಯಂತ್ರ ಮಾಡಿದರು. ಕೊಳವೆಯ ನೀರಿನ ಎತ್ತರ ಎಂದರೆ ಆ ಜಾಗದ ಉಷ್ಣತೆ. ಕೊಳವೆಗಳ ನಡುವಿನ ಕಿರಿದಾದ ದಾರಿ ಎಂದರೆ ಶಾಖಕ್ಕೆ ಇರುವ ಅಡ್ಡಿ. ನಲ್ಲಿ ಬಿಟ್ಟು, ನಿಲ್ಲಿಸಿ, ಎತ್ತರ ಓದಿಕೊಳ್ಳುವುದು. ಡಿಜಿಟಲ್ ಗಣಕ ಬಂದ ಮೇಲೂ ದಶಕಗಳ ಕಾಲ ಅಲ್ಲಿ ಅದನ್ನು ಬಳಸಿದರು.

ನಾನು ಬೇಸಿಗೆಯಲ್ಲಿ ದಪ್ಪ ತಳಪಾಯ ಹಾಕಿಸುವಾಗ ಪ್ರತಿ ಸಲ ಆ ಯಂತ್ರ ನೆನೆಯುತ್ತೇನೆ. ಕಣ್ಣೆದುರು ಶಾಖ ಹರಿಯುವುದು ಕಾಣುತ್ತದಲ್ಲ, ಆ ತಿಳಿವಳಿಕೆ ಪರದೆಯ ಮೇಲಿನ ಅಂಕಿಯಿಂದ ನನಗೆ ಯಾವತ್ತೂ ಬಂದಿಲ್ಲ.

ಕ್ಯಾಬಿನ್ ಮನೆ

ಜೀವ ಇರುವ ವಸ್ತುಗಳಿಂದಲೂ ಲೆಕ್ಕ ಮಾಡಿಸುತ್ತಾರೆ ಎಂದು ಕೇಳಿದ್ದೇನೆ. ನಿಜವೇ?

ಸಾಧನಕೇರಿ

ನಿಜ. ಜಪಾನಿನಲ್ಲಿ ನಾಕಗಾಕಿ ಮತ್ತು ಸಂಗಡಿಗರು ಲೋಳೆ ಬೂಜು ಎನ್ನಬಹುದಾದ ಒಂದು ಹಳದಿ ಜೀವಿಯನ್ನು 2000ದಲ್ಲಿ ಚಕ್ರವ್ಯೂಹದಲ್ಲಿ ಬಿಟ್ಟರು. ಎರಡು ತುದಿಗೆ ಓಟ್ಸ್ ಇಟ್ಟರು. ಅದು ಸುತ್ತು ದಾರಿಗಳಿಂದ ಮೈ ಎಳೆದುಕೊಂಡು ಹತ್ತಿರದ ದಾರಿಯಲ್ಲಿ ಮಾತ್ರ ಉಳಿಯಿತು. 2010ರಲ್ಲಿ ಟೋಕಿಯೋ ಸುತ್ತಲಿನ ಊರುಗಳ ಜಾಗದಲ್ಲಿ ಓಟ್ಸ್ ಇಟ್ಟರು. ಸುಮಾರು ಒಂದು ದಿನದಲ್ಲಿ ಅದು ಹೆಣೆದ ಜಾಲ ಅಲ್ಲಿನ ರೈಲು ಜಾಲವನ್ನು ಹೋಲುತ್ತಿತ್ತು. ಮಿದುಳಿಲ್ಲ, ನರ ಇಲ್ಲ.

ಏಡಿಗಳ ಹಿಂಡನ್ನು ಕಾರಿಡಾರ್‌ಗಳಲ್ಲಿ ಓಡಿಸಿ "ಇದು ಅಥವಾ ಅದು" ಎಂಬ ತೀರ್ಮಾನ ಮಾಡುವ ಗೇಟ್ ಮಾಡಿದವರೂ ಇದ್ದಾರೆ. ಅದು ಚೆನ್ನಾಗಿ ನಡೆಯಿತು. "ಇದೂ ಅದೂ" ಎಂಬ ಗೇಟ್ ಅಷ್ಟು ನೆಟ್ಟಗೆ ಬರಲಿಲ್ಲ.

ನನಗೆ ಎಲ್ಲಕ್ಕಿಂತ ಹಿಡಿಸಿದ್ದು ಲೆನರ್ಡ್ ಏಡಲ್‌ಮನ್ 1994ರಲ್ಲಿ ಮಾಡಿದ ಪ್ರಯೋಗ. ಏಳು ಊರು, ಒಂದೊಂದನ್ನೂ ಒಂದೇ ಸಲ ಮುಟ್ಟಿ ಹೋಗುವ ದಾರಿ ಬೇಕು. ಅವರು ಪ್ರತಿ ಊರಿಗೂ, ಪ್ರತಿ ದಾರಿಗೂ ಡಿಎನ್‌ಎ ತುಂಡು ಮಾಡಿಸಿದರು. ದಾರಿಯ ತುಂಡು ಎರಡು ಊರಿನ ತುಂಡುಗಳಿಗೆ ಅಂಟುವ ಹಾಗೆ. ಎಲ್ಲವನ್ನೂ ಪ್ರನಾಳದಲ್ಲಿ ಬೆರೆಸಿದರೆ ಸಾಧ್ಯವಿರುವ ದಾರಿಗಳೆಲ್ಲ ಒಂದೇ ಸಲಕ್ಕೆ ಹೆಣೆದುಕೊಂಡವು. ಅದು ಕೆಲವೇ ಕ್ಷಣಗಳ ಕೆಲಸ. ಅದರಲ್ಲಿ ಸರಿಯಾದದ್ದನ್ನು ಹೆಕ್ಕಿ ತೆಗೆಯಲು ಲ್ಯಾಬಿನಲ್ಲಿ ಏಳು ದಿನ ಬೇಕಾಯಿತು. ಮುಂದೆ ಹಾರ್ಟ್‌ಮನಿಸ್ ಎಂಬುವರು ಲೆಕ್ಕ ಹಾಕಿ ತೋರಿಸಿದರು: ಇದೇ ದಾರಿಯಲ್ಲಿ 200 ಊರಿಗೆ ಹೋದರೆ ಬೇಕಾಗುವ ಡಿಎನ್‌ಎ ಭೂಮಿಗಿಂತ ಭಾರ.

ಬ್ಯಾಡಗಿ ಹುಡುಗ

ಆ ಕೊನೆಯ ಮಾತು ಎಲ್ಲಕ್ಕಿಂತ ಮುಖ್ಯ. ಸಮಯ ಉಳಿಸಿದರೆ ಭಾರದಲ್ಲಿ ಕೊಡಬೇಕು. ಲೆಕ್ಕಕ್ಕೆ ಬೆಲೆ ಇದ್ದೇ ಇದೆ. ಲೋಳೆ ಬೂಜಿನ ಬಗ್ಗೆ ಮಾತ್ರ ನನ್ನ ಅನುಮಾನ ಹಾಗೇ ಇದೆ. ಅದು ಹಸಿವಿನಿಂದ ಮಾಡುತ್ತದೆ. ನಾವು ಅದಕ್ಕೆ ಲೆಕ್ಕ ಎಂಬ ಹೆಸರು ಕೊಡುತ್ತಿದ್ದೇವೆ.

ಕಸೂತಿ ಕೆಲಸ

ನಾನು ಇಲ್ಲಿ ಬರೆಯುವುದು ಕಡಿಮೆ. ಧಾರವಾಡದಲ್ಲಿ ಕಸೂತಿ ಹಾಕುತ್ತೇನೆ, ಮೂವತ್ತು ವರ್ಷ ಆಯಿತು. ಮಗಳು ಇದನ್ನೆಲ್ಲ ಓದಿ ಹೇಳಿದಳು. "ದಾರಿ ಹುಡುಕುವುದು" ಎಂಬ ಮಾತು ಬಂದದ್ದರಿಂದ ಬರೆಯುತ್ತಿದ್ದೇನೆ.

ಗವಂತಿ ಎಂಬ ಕಸೂತಿ ಹೊಲಿಗೆಯಲ್ಲಿ ಬಟ್ಟೆಯ ಮೇಲೆ ಚಿತ್ರ ಬರೆದುಕೊಳ್ಳುವುದಿಲ್ಲ. ಎಳೆ ಎಣಿಸುತ್ತೇವೆ. ಸೂಜಿ ಒಂದು ಹೊಲಿಗೆ ಮೇಲೆ, ಒಂದು ಕೆಳಗೆ. ಹೋಗುವಾಗ ಅರ್ಧ ಗೆರೆ ಮಾತ್ರ ಕಾಣುತ್ತದೆ. ಅದೇ ದಾರಿಯಲ್ಲಿ ವಾಪಸ್ ಬರುವಾಗ ಬಿಟ್ಟ ಜಾಗ ತುಂಬುತ್ತದೆ. ಗಂಟು ಹಾಕುವಂತಿಲ್ಲ. ಹಿಂದೆ-ಮುಂದೆ ಒಂದೇ ಥರ ಕಾಣಬೇಕು. ಗೋಪುರ ಆಗಲಿ, ಅಂಬಾರಿ ಆನೆ ಆಗಲಿ, ಕವಲು ಬಂದಾಗ ಯಾವ ಕಡೆ ಮೊದಲು ಹೋಗಬೇಕು, ಎಲ್ಲಿಂದ ತಿರುಗಬೇಕು ಎಂದು ಮೊದಲೇ ಮನಸ್ಸಿನಲ್ಲಿ ಕೂರಿಸಿಕೊಳ್ಳಬೇಕು. ಕವಲಿನ ತುದಿ ಮುಟ್ಟಿ ಬಂದೇ ಮುಂದೆ ಹೋಗಬೇಕು. ಬಿಟ್ಟು ಮುಂದೆ ಹೋದರೆ ಎಲ್ಲೋ ಒಂದು ಕಡೆ ದಾರ ಕತ್ತರಿಸಬೇಕಾಗುತ್ತದೆ.

ನನ್ನ ಅತ್ತೆ ಹೇಳುತ್ತಿದ್ದರು, ಚಿತ್ರ ಎಲ್ಲ ಒಂದಕ್ಕೊಂದು ಕೂಡಿದ್ದರೆ ದಾರ ಕತ್ತರಿಸುವ ಪ್ರಸಂಗವೇ ಬರುವುದಿಲ್ಲ ಎಂದು. ಅದು ಯಾವಾಗಲೂ ನಿಜವೇ? ನನಗೆ ಇವತ್ತಿನವರೆಗೆ ತಪ್ಪಿಲ್ಲ.

ಸಾಧನಕೇರಿ

ಅಮ್ಮಾ, ನಿಮ್ಮ ಅತ್ತೆ ಹೇಳಿದ್ದು ಗಣಿತದಲ್ಲಿ ಸಾಬೀತು ಮಾಡಬಹುದಾದ ಮಾತು. ಇವತ್ತು ಇಡೀ ಸಂಜೆ ಇದರಲ್ಲೇ ಕಳೆದೆ.

ಪ್ರತಿ ಗೆರೆಯ ಮೇಲೂ ದಾರ ಎರಡು ಸಲ ಹೋಗುತ್ತದೆ, ಒಮ್ಮೆ ಮೇಲೆ, ಒಮ್ಮೆ ಕೆಳಗೆ. ಹಾಗಾಗಿ ಪ್ರತಿ ಚುಕ್ಕಿಯಲ್ಲೂ ಸೇರುವ ದಾರದ ಲೆಕ್ಕ ಸಮಸಂಖ್ಯೆ. 18ನೇ ಶತಮಾನದಲ್ಲಿ ಆಯ್ಲರ್ ಎಂಬ ಗಣಿತಜ್ಞ ಸೇತುವೆಗಳ ಲೆಕ್ಕದಲ್ಲಿ ಹೇಳಿದ್ದು ಇದನ್ನೇ: ಎಲ್ಲ ಚುಕ್ಕಿಯೂ ಸಮ ಆಗಿದ್ದು, ಚಿತ್ರ ಕೂಡಿಕೊಂಡಿದ್ದರೆ, ಎತ್ತದೆ ಪೂರ್ತಿ ಸುತ್ತಿ ಹೊರಟ ಜಾಗಕ್ಕೆ ಬರಬಹುದು. ಮೇಲೆ-ಕೆಳಗೆ ಸರದಿ ತಪ್ಪದೆ ಬರುತ್ತದೆಯೇ ಎಂಬುದು ಇನ್ನೊಂದು ಪ್ರಶ್ನೆ. ಅದಕ್ಕೂ ಉತ್ತರ ನೀವು ಹೇಳಿದ ನಿಯಮದಲ್ಲೇ ಇದೆ. ಕವಲಿಗೆ ಹೋಗಿ ತುದಿ ಮುಟ್ಟಿ ಬಂದರೆ ಹೊಲಿಗೆಗಳ ಲೆಕ್ಕ ಯಾವಾಗಲೂ ಸಮ. ಸರದಿ ಕೆಡುವುದೇ ಇಲ್ಲ.

ಗಣಕಶಾಸ್ತ್ರದವರು ಕವಲು ಮರ ಹುಡುಕುವಾಗ ಬಳಸುವ ನಿಯಮವೂ ಅದೇ: ತುದಿ ಮುಟ್ಟು, ವಾಪಸ್ ಬಾ, ಮುಂದಿನ ಕವಲಿಗೆ ಹೋಗು.

ಬ್ಯಾಡಗಿ ಹುಡುಗ

ಈ ನಿಯಮವನ್ನು ನಾನು ಕಾಲೇಜಿನಲ್ಲಿ ಮೂರನೇ ಸೆಮಿಸ್ಟರ್‌ನಲ್ಲಿ ಕಲಿತೆ. ನನ್ನ ಅಜ್ಜಿಗೂ ಗವಂತಿ ಬರುತ್ತಿತ್ತು. ಅವರನ್ನು ಒಂದು ದಿನವೂ ಕೇಳಲಿಲ್ಲ.

ಗದಗ ಮೇಷ್ಟ್ರು

ಎಲ್ಲರಿಗೂ ಕೈ ಮುಗಿಯುತ್ತೇನೆ. ಇಷ್ಟು ಬರುತ್ತದೆ ಎಂದುಕೊಂಡಿರಲಿಲ್ಲ. ಆದರೂ ಆ ಹುಡುಗಿ ಕೇಳಿದ್ದು ನೀರು. ನೀರಿನಲ್ಲೇ ಕೂಡುವುದನ್ನು ತೋರಿಸಬೇಕು. ಸುಲಭದ ದಾರಿ ಇದೆಯಾ?

ಉಣಕಲ್ ದಂಡೆ

ವಾಸುದೇವನ ಬಟ್ಟಲು ನೋಡಿದ್ದೀರಾ? ಹಳೆಯ ಹಿತ್ತಾಳೆ ಆಟಿಕೆ. ನೀರು ಏರಿ ಕೃಷ್ಣನ ಪಾದ ಮುಟ್ಟಿದ ತಕ್ಷಣ ಎಲ್ಲ ನೀರು ಕೆಳಗಿಂದ ಇಳಿದುಹೋಗುತ್ತದೆ. ಒಳಗೆ ಇರುವುದು ಬಾಗಿದ ನಳಿಗೆ, ಸೈಫನ್. ಅದೇ ನಿಮ್ಮ ಗೇಟ್.

ಬಾಟಲಿ ಕತ್ತರಿಸಿ ಬಟ್ಟಲು ಮಾಡಿ. ನಳಿಗೆಯ ಬಾಗು 300 ಮಿಲಿಲೀಟರ್ ಮಟ್ಟಕ್ಕೆ ಇರಲಿ. ಒಂದು ಎಂದರೆ 200 ಮಿಲಿಲೀಟರ್ ನೀರು. ಒಂದು ಹಾಕಿದರೆ ಬಾಗು ಮುಟ್ಟಲ್ಲ, ನೀರು ಬಟ್ಟಲಲ್ಲೇ ನಿಲ್ಲುತ್ತದೆ. ಇನ್ನೊಂದು ಹಾಕಿದರೆ 400 ಆಗಿ ಬಾಗು ದಾಟುತ್ತದೆ, ಪೂರ್ತಿ ಖಾಲಿ ಆಗುತ್ತದೆ. ಉಳಿದದ್ದು ಮೊತ್ತ, ಹರಿದದ್ದು ದಶಕ, ಅಂದರೆ ಮುಂದಿನ ಸ್ಥಾನಕ್ಕೆ ಹೋಗುವುದು. ಒಂದಕ್ಕೆ ಒಂದು ಕೂಡಿದರೆ ಸೊನ್ನೆ, ದಶಕ ಒಂದು. ಆಯಿತಲ್ಲ.

ಬ್ಯಾಡಗಿ ಹುಡುಗ

ಒಂದು ತೊಂದರೆ ಇದೆ. ಹರಿದು ಹೋಗುವುದು 400. ಮುಂದಿನ ಬಟ್ಟಲಿಗೆ ಒಂದು ಎಂದರೆ 200. ಅರ್ಧ ಚೆಲ್ಲಬೇಕು. ಇಲ್ಲವೇ ಮುಂದಿನ ಬಟ್ಟಲನ್ನೇ ಎರಡು ಪಟ್ಟು ದೊಡ್ಡದು ಮಾಡಿ: ಅಲ್ಲಿ ಒಂದು ಎಂದರೆ 400, ಬಾಗು 600ಕ್ಕೆ. ಮೂರನೆಯದರಲ್ಲಿ ಒಂದು ಎಂದರೆ 800, ಬಾಗು 1,200ಕ್ಕೆ. ಈ ಎರಡನೆಯ ದಾರಿಯನ್ನೇ ಹಿಡಿಯಿರಿ. ನೀರು ಚೆಲ್ಲುವುದು ಬೇಡ, ಸ್ಥಾನಬೆಲೆ ಮಕ್ಕಳಿಗೆ ಕಣ್ಣಿಗೇ ಕಾಣುತ್ತದೆ.

ಗದಗ ಮೇಷ್ಟ್ರು

ಹತ್ತು ದಿನ ಬಿಟ್ಟು ಬರೆಯುತ್ತಿದ್ದೇನೆ. ಮಾಡಿದೆವು. ಮೊದಲ ಸಲ ಆಗಲಿಲ್ಲ.

ನಾನು ತೋಟಕ್ಕೆ ಬಳಸುವ ಅರ್ಧ ಇಂಚಿನ ಪೈಪ್ ಹಾಕಿದ್ದೆ. ನೀರು ಬಾಗಿನ ಮೇಲೆ ತೆಳ್ಳಗೆ ಹರಿದು ಸೋರಿಕೊಂಡು ಹೋಯಿತು. ಪೈಪ್ ತುಂಬಲಿಲ್ಲ, ಒಳಗಿನ ಗಾಳಿ ಹೊರಗೆ ಹೋಗಲಿಲ್ಲ, ಎಳೆತ ಹುಟ್ಟಲಿಲ್ಲ. ಬಟ್ಟಲು ಖಾಲಿ ಆಗುವ ಬದಲು 300ಕ್ಕೆ ನಿಂತಿತು. ಸೊನ್ನೆಯೂ ಅಲ್ಲ, ಒಂದೂ ಅಲ್ಲ. ಮಕ್ಕಳು ಬಾಡಿದರು. ಮಾರನೆಯ ದಿನ ಒಬ್ಬ ಹುಡುಗ ಮೆಡಿಕಲ್ ಅಂಗಡಿಯಿಂದ ಸಲೈನ್ ಪೈಪ್ ತಂದ. ಸಣ್ಣ ನಳಿಗೆಯಲ್ಲಿ ನೀರು ಪೂರ್ತಿ ತುಂಬಿಕೊಂಡು ಇಳಿಯಿತು. ಬಟ್ಟಲು ತಳ ಕಾಣುವವರೆಗೆ ಎಳೆಯಿತು. ತಳದಲ್ಲಿ ಸ್ವಲ್ಪ ನೀರು ಉಳಿದೇ ಉಳಿಯುತ್ತದೆ. ಅದಕ್ಕೆ ಅಷ್ಟು ನೀರನ್ನು ಮೊದಲೇ ಹಾಕಿ ಅದನ್ನೇ ಸೊನ್ನೆ ಎಂದು ಗೆರೆ ಎಳೆದೆವು.

ಎರಡನೆಯ ಪಾಠ ಅವರೇ ಕಲಿತರು. ಸೈಫನ್ ಹರಿಯುತ್ತಿರುವಾಗಲೇ ಅವಸರ ಮಾಡಿ ಮುಂದಿನ ಲೋಟ ಹಾಕಿದರೆ ಉತ್ತರ ಕೆಡುತ್ತದೆ. ಆ ನೀರೂ ಹರಿದು ಹೋಗುತ್ತದೆ. ಕಾಯಬೇಕು. ಅದಕ್ಕೆ ಒಬ್ಬಳನ್ನು ಗಡಿಯಾರ ಹಿಡಿದು ನಿಲ್ಲಿಸಿದರು. ಅವಳು "ಹಾಕು" ಎಂದಾಗ ಮಾತ್ರ ಹಾಕುವುದು. ಕಂಪ್ಯೂಟರ್ ಒಳಗೆ ಗಡಿಯಾರ ಯಾಕೆ ಇರುತ್ತದೆ ಎಂದು ನಾನು ಹೇಳಬೇಕಾಗಲಿಲ್ಲ.

ಮೂರು ಬಟ್ಟಲು ಮೆಟ್ಟಿಲಿನ ಮೇಲೆ. ಮೇಲಿನದರ ಬೆಲೆ ಒಂದು, ನಡುವಿನದರದು ಎರಡು, ಕೆಳಗಿನದರದು ನಾಲ್ಕು. ಏಳು ಇದ್ದಲ್ಲಿಗೆ ಒಂದು ಕೂಡಿದರೆ ಮೇಲಿನದು ಖಾಲಿಯಾಗಿ ನಡುವಿನದಕ್ಕೆ, ಅದು ಖಾಲಿಯಾಗಿ ಕೆಳಗಿನದಕ್ಕೆ, ಅದೂ ಖಾಲಿಯಾಗಿ ನೆಲಕ್ಕೆ. ಏಳೆಂಟು ನಿಮಿಷ ಬೇಕು. ಅಷ್ಟೂ ಹೊತ್ತು ಯಾರೂ ಮಾತಾಡಲಿಲ್ಲ.

ಆಮೇಲೆ ಆ ಹುಡುಗಿ ಬೋರ್ಡ್ ಮೇಲೆ ಲೆಕ್ಕ ಹಾಕಿದಳು. "ಸರ್, ಎಲ್ಲ ಬಟ್ಟಲಿನ ನೀರು ಕೂಡಿಸಿ 200ರಿಂದ ಭಾಗಿಸಿದರೆ ಅದೇ ಸಂಖ್ಯೆ ಬರುತ್ತದೆ." ಮುಂದುವರಿಸಿ ಹತ್ತನೇ ಬಟ್ಟಲಿಗೆ ಎಷ್ಟು ನೀರು ಬೇಕು ಎಂದು ನೋಡಿದಳು. ಒಂದು ಎಂದರೇ 102 ಲೀಟರ್‌ಗಿಂತ ಜಾಸ್ತಿ. ನಮ್ಮ ಶಾಲೆಯ ತೊಟ್ಟಿ ಸಾಲುವುದಿಲ್ಲ. ಆ ಡಿಎನ್‌ಎ ಭಾರದ ಮಾತು ಹೇಳಿದೆ. ತಕ್ಷಣ ತಿಳಿಯಿತು ಅವಳಿಗೆ.

ಈಗ ಅವಳ ಹೊಸ ಪ್ರಶ್ನೆ: ಕಳೆಯುವುದು ಹೇಗೆ? ನೀರು ಮೇಲಕ್ಕೆ ಹತ್ತಲ್ಲವಲ್ಲ.

ಕ್ಯಾಬಿನ್ ಮನೆ

ಓದಿ ಕಣ್ಣು ತುಂಬಿ ಬಂತು ಮೇಷ್ಟ್ರೇ.

ಸಾಧನಕೇರಿ

ಒಂದು ಮಾತು ಅವಳಿಗೆ ಹೇಳಿ. ನೆನಪಿನಲ್ಲಿದ್ದ ಒಂದು ಬಿಟ್, ಅಂದರೆ ಒಂದು ಸೊನ್ನೆ ಅಥವಾ ಒಂದು, ಅಳಿಸಲು ಕನಿಷ್ಠ ಇಷ್ಟು ಶಕ್ತಿ ಶಾಖವಾಗಿ ಹೋಗಲೇಬೇಕು ಎಂದು ರೋಲ್ಫ್ ಲ್ಯಾಂಡೌರ್ 1961ರಲ್ಲಿ ತೋರಿಸಿದರು. ಕೋಣೆಯ ಉಷ್ಣತೆಯಲ್ಲಿ ಅದು ಒಂದು ಜೂಲ್ ಶಕ್ತಿಯಲ್ಲಿ ಹತ್ತರ ಘಾತ ಮೈನಸ್ 21ರ ಮಟ್ಟದ ಚೂರು. ಇವತ್ತಿನ ಚಿಪ್‌ಗಳು ಅದಕ್ಕಿಂತ ಎಷ್ಟೋ ಪಟ್ಟು ಜಾಸ್ತಿ ಖರ್ಚು ಮಾಡುತ್ತವೆ. ಬೇರೆ ದಾರಿ ಹುಡುಕುವವರಿಗೆ ಈ ಅಂತರವೇ ಆಸೆ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ 2024ರಲ್ಲಿ ಅಣುಗಳ ತೆಳು ಪೊರೆಯಲ್ಲಿ 16,500 ಬೇರೆ ಬೇರೆ ಸ್ಥಿತಿ ಹಿಡಿದಿಡುವ ಸಾಧನ ಮಾಡಿದರು. ಅಲ್ಲೂ ವಿದ್ಯುತ್ ಇದೆ. ಆದರೆ ಸೊನ್ನೆ-ಒಂದರಲ್ಲಿ ನಿಲ್ಲುವುದಿಲ್ಲ. ನೀರಿನ ಮಟ್ಟದ ಹಾಗೆ ನಡುವಿನ ಸ್ಥಿತಿಗಳೂ ಕೆಲಸಕ್ಕೆ ಬರುತ್ತವೆ.

ಬ್ಯಾಡಗಿ ಹುಡುಗ

ಕಳೆಯುವುದಕ್ಕೆ ನೀರು ಮೇಲೆ ಹತ್ತುವುದು ಬೇಡ. ಕೂಡಿಯೇ ಕಳೆಯಬಹುದು. ಮೂರು ಬಟ್ಟಲಿನಲ್ಲಿ ಏಳರವರೆಗೆ ಮಾತ್ರ ಹಿಡಿಯುತ್ತದೆ. ಎಂಟು ಆದರೆ ಕೆಳಗಿನ ಬಟ್ಟಲಿನಿಂದ ನೆಲಕ್ಕೆ ಹರಿಯುತ್ತದೆ. ಅದನ್ನೇ ಬಳಸಿ.

ಐದರಲ್ಲಿ ಎರಡು ಕಳೆಯಬೇಕು ಎಂದುಕೊಳ್ಳಿ. ಎರಡಕ್ಕೆ ಎಂಟು ಮುಟ್ಟಲು ಬೇಕಾದದ್ದು ಆರು. ಐದಕ್ಕೆ ಆರು ಕೂಡಿ. ಅಂದರೆ ನಡುವಿನ ಬಟ್ಟಲಿಗೆ 400, ಕೆಳಗಿನದಕ್ಕೆ 800. ಕೆಳಗಿನದರಲ್ಲಿ ಮೊದಲೇ 800 ಇತ್ತು. 1,600 ಆಗಿ ಸೈಫನ್ ಎಳೆದು ನೆಲಕ್ಕೆ ಹೋಗುತ್ತದೆ. ಮೇಲಿನದರಲ್ಲಿ 200, ನಡುವಿನದರಲ್ಲಿ 400 ಉಳಿಯುತ್ತದೆ. ಮೂರು.

ನನ್ನ ಲ್ಯಾಪ್‌ಟಾಪ್ ಕಳೆಯುವುದೂ ಹೀಗೇ. ಮೇಷ್ಟ್ರೇ, ಮುಂದಿನ ವಾರ ಊರಿಗೆ ಬರುತ್ತೇನೆ. ನಾಲ್ಕನೇ ಬಟ್ಟಲಿಗೆ ಬೇಕಾದ ಕ್ಯಾನ್, ಪೈಪ್ ನಾನೇ ತರುತ್ತೇನೆ. ಶಾಲೆಗೆ ಬರಬಹುದಾ?

ಗದಗ ಮೇಷ್ಟ್ರು

ಖಂಡಿತ ಬನ್ನಿ. ಇವತ್ತೇ ಕಳೆದು ನೋಡಿದೆವು. ಆ ಹುಡುಗಿ ಕೆಳಗೆ ಬಕೆಟ್ ಇಟ್ಟು ನೆಲಕ್ಕೆ ಬೀಳುವ ನೀರು ಹಿಡಿದಳು. ಅಳೆದಾಗ 1,580 ಬಂತು. ಆ 20 ಎಲ್ಲಿ ಹೋಯಿತು ಎಂದು ಹುಡುಕುತ್ತಾ ಕೂತಿದ್ದಾರೆ, ಮನೆಗೆ ಹೋಗಿ ಎಂದರೂ ಕೇಳುತ್ತಿಲ್ಲ.

ಬೆಟಗೇರಿಯವರಿಗೆ: ಶನಿವಾರ ಶಾಲೆ ಬಿಟ್ಟ ಮೇಲೆ ಬರುತ್ತೇವೆ. 34 ಮಕ್ಕಳು. ಎರಡು ತಂಡ ಮಾಡಿಕೊಂಡು ಒಳಗೆ ಬರಬಹುದಾ?

ಬೆಟಗೇರಿ ಮಗ್ಗ

ಒಂದೇ ತಂಡದಲ್ಲಿ ಬನ್ನಿ. ಪಕ್ಕದ ಮನೆಯ ಮಗ್ಗಕ್ಕೂ ಹೇಳಿದ್ದೇನೆ. ಒಂದಷ್ಟು ಖಾಲಿ ರಟ್ಟು, ತೂತು ಹೊಡೆಯುವ ಉಳಿ ತೆಗೆದಿಡುತ್ತೇನೆ. ಅವರವರ ಹೆಸರಿನ ಅಕ್ಷರ ಅವರೇ ಹೊಡೆದುಕೊಳ್ಳಲಿ.